ಹೊಲಿಗೆಯೊಳಗೆ ಬಿಟ್ಟ ಒಂದಿಂಚು

ಚಾಮರಾಜನಗರದಲ್ಲಿ ಅವರಿಗೊಂದು ಶ್ರದ್ಧಾಂಜಲಿ ಸಭೆ ಮಾಡಿದರು. ಮೈಕು, ಹೂಮಾಲೆ, ಪ್ಲಾಸ್ಟಿಕ್ ಕುರ್ಚಿ ಎಲ್ಲ ಇತ್ತು. ವೇದಿಕೆ ಹತ್ತಿದವರೆಲ್ಲ “ಬಹುಮುಖ ಪ್ರತಿಭೆ” ಅಂದರು. ನಟನೆ, ಕಲಾ ನಿರ್ದೇಶನ, ವಸ್ತ್ರಾಲಂಕಾರ ಅಂತ ಬೆರಳು ಮಡಚಿ ಮಡಚಿ ಎಣಿಸಿದರು. ನನಗೆ ರೇಗಿಹೋಯಿತು. ಸಿನಿಮಾದವರ ಬಾಯಲ್ಲಿ ಬಹುಮುಖ ಪ್ರತಿಭೆ ಅಂದರೆ ಏನರ್ಥ ಗೊತ್ತೇ? ಮೂರು ಜನ ಮಾಡಬೇಕಾದ ಕೆಲಸಕ್ಕೆ ಒಬ್ಬನೇ ಸಿಕ್ಕಿದ್ದಾನೆ, ಅವನಿಗೆ ಬೇಡ ಅನ್ನಲು ಬರುವುದಿಲ್ಲ, ಅಷ್ಟೇ. “ಅಕ್ಕ, ನೀವೂ ಎರಡು ಮಾತಾಡಿ” ಎಂದು ನನ್ನನ್ನೂ ಕರೆದರು. ಬಾಯಿ ತೆರೆದರೆ ಅಲ್ಲಿದ್ದ ಯಾರ ಮರ್ಯಾದೆಯೂ ಉಳಿಯುತ್ತಿರಲಿಲ್ಲ. ಎದ್ದು ಬಂದುಬಿಟ್ಟೆ.

ಅಲ್ಲಿ ಆಡದ ಮಾತನ್ನು ಇಲ್ಲಿ ಬರೆಯುತ್ತಿದ್ದೇನೆ. ಹೆಸರು ಹಾಕುತ್ತಿಲ್ಲ. ಕುದೇರಿನಲ್ಲಿರುವ ಅವರ ಹೆಂಡತಿ, “ಬರ್ಕೊ ಕಣಮ್ಮಿ, ಎಸ್ರು ಮಾತ್ರ ಆಕ್ಬ್ಯಾಡ. ಕೆಲ್ಸ ಕೊಟ್ಟೋರು ಬೇಜಾರು ಮಾಡ್ಕತಾರೆ” ಅಂದರು. ಗಂಡ ಸತ್ತ ಮೇಲೂ ಆ ಹೆಂಗಸಿಗೆ ಕೆಲಸ ಕೊಟ್ಟವರ ಚಿಂತೆ.

ನಾನು ಚಾಮರಾಜನಗರದ ಬಸ್‌ಸ್ಟ್ಯಾಂಡ್ ಹಿಂದಿನ ಗಲ್ಲಿಯಲ್ಲಿ ಹೊಲಿಗೆ ಅಂಗಡಿ ಇಟ್ಟುಕೊಂಡವಳು. ಅವರು ಮೊದಲ ಸಲ ನನ್ನ ಅಂಗಡಿಗೆ ಬಂದ ದಿನ ನಾನು ಮರದ ಸ್ಕೇಲು ತೆಗೆದುಕೊಂಡು ಅವರಿಗೆ ಬಾರಿಸುವುದರಲ್ಲಿದ್ದೆ. ಐವತ್ತು ದಾಟಿದ ಗಂಡಸು, ಒಣಕಲು ಮೈ, ಕಿವಿಯ ಹಿಂದೆ ಹಸಿರು ಪೇಂಟು ಮೆತ್ತಿಕೊಂಡಿತ್ತು. ಬಾಗಿಲಲ್ಲಿ ನಿಂತು ನನ್ನ ಹೆಗಲನ್ನೇ ನೋಡುತ್ತಿದ್ದರು. ಏನು ಬೇಕು ಅಂದೆ.

“ನೀವು ಆಕ್ಕಂಡಿರೋ ಬ್ಲೌಸು ಬೇಕು.”

ಸ್ಕೇಲಿಗೆ ಕೈ ಹಾಕಿದೆ. ಅವರು ಒಂದು ಹೆಜ್ಜೆ ಹಿಂದೆ ಹೋದರೇ ಹೊರತು ಹೊರಟುಹೋಗಲಿಲ್ಲ.

“ತಪ್ಪು ತಿಳ್ಕಬ್ಯಾಡಿ ತಾಯಿ. ಟೇಪು ನೇತಾಕಿ ನೇತಾಕಿ ಕತ್ತಿನ ಎಲ್ಡೂ ಕಡೆ ಬಿಳೀ ಗೆರೆ ಬಂದದೆ, ನೋಡ್ಕಳಿ. ನಮ್ ಪಿಚ್ಚರಲ್ಲಿ ಒಬ್ಳು ಟೈಲರಮ್ಮ ಬತ್ತಾಳೆ. ಅವಳಿಗೆ ಆ ಗೆರೆ ಬೇಕು. ನಾನೂ ಬ್ಲೀಚು ಆಕಿ ನೋಡ್ದೆ, ಬರ್ನಿಲ್ಲ. ಎಲ್ಡು ಒಸಾ ಬ್ಲೌಸು ಕೊಡ್ತೀನಿ, ಇದೊಂದು ಕೊಡಿ.”

ಒಳಗೆ ಹೋಗಿ ಕನ್ನಡಿಯಲ್ಲಿ ನೋಡಿಕೊಂಡೆ. ಇಪ್ಪತ್ತು ವರ್ಷದಿಂದ ಹೊಲಿಯುತ್ತಿದ್ದೇನೆ, ನನ್ನ ಮೈಮೇಲೇ ಇದ್ದ ಗೆರೆಯನ್ನು ನಾನು ಕಂಡಿರಲಿಲ್ಲ. ಮಾರನೆಯ ದಿನ ಬ್ಲೌಸು ಕೊಟ್ಟೆ. ಅಂದಿನಿಂದ ಹತ್ತು ಹನ್ನೊಂದು ವರ್ಷ, ಅವರ ಸಿನಿಮಾಗಳಿಗೆ ಬೇಕಾದ ಹೊಲಿಗೆಯೆಲ್ಲ ನನ್ನ ಮಿಷಿನ್ನಿನಲ್ಲೇ ಆಯಿತು.

ಅವರ ಕೆಲಸದ ರೀತಿಯೇ ಬೇರೆ. ಬೇರೆಯವರು ಹೊಸ ಬಟ್ಟೆ ತಂದು, ಟೀ ನೀರಲ್ಲಿ ನೆನೆಸಿ, ಮಣ್ಣು ಬಳಿದು ಹಳೆಯದು ಅನ್ನಿಸುತ್ತಿದ್ದರು. ಇವರು ಹೊಸ ಸೀರೆ, ಹೊಸ ಲುಂಗಿ ಗಂಟು ಕಟ್ಟಿಕೊಂಡು ಕುದೇರು ಬೇಗೂರಿನ ಕಡೆ ಊರೂರು ಸುತ್ತಿ, ಉಟ್ಟು ಸವೆದದ್ದಕ್ಕೆ ಬದಲು ಕೊಟ್ಟು ತರುತ್ತಿದ್ದರು. ಜನಕ್ಕೆ ಇವರು ಅರೆಹುಚ್ಚ ಅನ್ನಿಸಿತ್ತು. ಹರಕಲಿಗೆ ಹೊಸದು ಕೊಡುವವನನ್ನು ಯಾರು ತಾನೇ ಕಂಡಿದ್ದಾರೆ! ಆದರೆ ಯಾರ ಮನೆಗೆ ಹೋದರೂ ಮೊದಲು ಕೇಳುವುದೊಂದೇ: “ಇದನ್ನ ಉಟ್ಕತಿದ್ದೋರು ಚೆನ್ನಾಗವ್ರಾ?” ತೀರಿಕೊಂಡವರ ಬಟ್ಟೆ ಎಷ್ಟು ಚೆನ್ನಾಗಿ ಸವೆದಿದ್ದರೂ ಮುಟ್ಟುತ್ತಿರಲಿಲ್ಲ. ಅವರ ಹೆಂಡತಿಯದಂತೂ ದೊಡ್ಡ ಗೋಳು. “ಸೀರೆ ಮೆತ್ತಗಾಗಿ ಮೈಗೆ ಇತವಾಯ್ತು ಅನ್ನೊ ಒತ್ತಿಗೆ ಎತ್ಕಂಡೋಯ್ತನೆ ಕಣಮ್ಮಿ. ನಾನು ಜಲ್ಮೆಲ್ಲ ಗಂಜಿ ಸೀರೆನೇ ಉಟ್ಕಂಡು ಪರಪರ ಅಂತ ಓಡಾಡ್ಬೇಕು” ಎಂದು ನಗುತ್ತಿದ್ದರು.

ಗೋಡೆಗಳದೂ ಅದೇ ಕತೆ. ಸೆಟ್ಟಿನ ಮನೆಯಲ್ಲಿ ಯಜಮಾನ ಒರಗಿ ಕೂರುವ ಜಾಗದಲ್ಲಿ ತಲೆಯೆಣ್ಣೆಯ ಕಲೆ ಇರಬೇಕಲ್ಲ? ಅದಕ್ಕೆ ತಾವೇ ತಲೆಗೆ ಎಣ್ಣೆ ಮೆತ್ತಿಕೊಂಡು ವಾರಗಟ್ಟಲೆ ಅಲ್ಲಿ ಒರಗಿ ಕೂತು ಊಟ ಮಾಡುತ್ತಿದ್ದರು. ಕ್ಯಾಮೆರಾಗೆ ಅದು ಕಾಣುತ್ತದೋ ಇಲ್ಲವೋ ಅಂದರೆ, “ಕಾಣ್ದಿದ್ರೆ ಬುಡು. ಗೋಡೆ ಸುಳ್ಳೇಳುದ್ರೆ ಆಕ್ಟ್ರು ಎಸ್ಟು ಅತ್ರೂ ಯಾರೂ ನಂಬಲ್ಲ” ಅನ್ನುತ್ತಿದ್ದರು.

ಇನ್ನು ನಟನೆ. ಅದರ ಆಸೆಗೇ ಅವರು ಹುಡುಗಾಟದ ವಯಸ್ಸಿನಲ್ಲಿ ಊರು ಬಿಟ್ಟು ಸಿನಿಮಾಕ್ಕೆ ಹೋದದ್ದು. ಸುಣ್ಣ ಬಳಿಯುವ ಕೆಲಸ ಸಿಕ್ಕಿತು, ಆಮೇಲೆ ಸೆಟ್ಟು ಕಟ್ಟುವುದು, ಆಮೇಲೆ ಬಟ್ಟೆ. ನಟನೆಗೆ ಮಾತ್ರ ಯಾರೂ ಕರೆಯಲಿಲ್ಲ. ಬರಬೇಕಾದ ಸಣ್ಣ ಪಾತ್ರದವನು ಬಾರದಿದ್ದಾಗ, “ಮಾಸ್ಟರ್, ನೀವೇ ಒಂಚೂರು ನಿಂತ್ಕೊಳ್ಳಿ” ಅನ್ನುವರು. ಹಾಗೆ ನಿಂತೇ ಮೂವತ್ತು ವರ್ಷ ಕಳೆದರು. ಡಾಕ್ಟರ ಹಿಂದೆ ನಿಂತ ಕಾಂಪೌಂಡರು, ಕೋರ್ಟಿನ ಬಾಗಿಲ ಕಾನ್‌ಸ್ಟೆಬಲ್ಲು, ಕಾಗದ ಕೊಟ್ಟು ತಿರುಗಿ ಹೋಗುವ ಪೋಸ್ಟ್‌ಮ್ಯಾನು. ಅವರ ಜೀವಮಾನದ ಡೈಲಾಗೆಲ್ಲ ಸೇರಿಸಿದರೂ ಒಂದು ಲೋಟ ಕಾಫಿ ಆರುವಷ್ಟರಲ್ಲಿ ಹೇಳಿ ಮುಗಿಸಬಹುದಿತ್ತು. ಅದನ್ನು ಅವರೇ ಒಂದು ದಿನ ನನ್ನ ಅಂಗಡಿಯಲ್ಲಿ ಕೂತು ಹೇಳಿ ತೋರಿಸಿದರು. ನಾನು ನಕ್ಕೆ. ನಕ್ಕ ಮೇಲೆ ಅವರ ಮುಖ ನೋಡಿ ಸಂಕಟವಾಯಿತು.

ಪೇಂಟು, ಥಿನ್ನರು, ಸ್ಪ್ರೇ ಹೊಗೆ ಕುಡಿದು ಕುಡಿದು ಅವರಿಗೆ ಕೆಮ್ಮು ಹತ್ತಿಕೊಂಡಿತು. ಡಾಕ್ಟರು ಎದೆಯ ಎಕ್ಸ್‌ರೇ ತೆಗೆಸಿ, ಶ್ವಾಸಕೋಶ ಹಾಳಾಗಿದೆ, ವಾಸಿಯಾಗುವಂಥದ್ದಲ್ಲ ಎಂದರಂತೆ. ಈ ವಿಷಯ ನನಗೆ ಮತ್ತು ಅವರ ಹೆಂಡತಿಗೆ ಬಿಟ್ಟರೆ ಯಾರಿಗೂ ಗೊತ್ತಿರಲಿಲ್ಲ. ಆ ಹೊತ್ತಿಗೇ ಒಬ್ಬ ನಿರ್ದೇಶಕ ಅವರನ್ನು ಹುಡುಕಿಕೊಂಡು ಬಂದ. ಮೊದಲು ಎಷ್ಟೋ ಸಿನಿಮಾಗಳಲ್ಲಿ ಸಹಾಯಕನಾಗಿ ಇವರ ಜೊತೆ ದುಡಿದವನು, ಕುದೇರಿನ ಅವರ ಮನೆಯಲ್ಲಿ ವಾರಗಟ್ಟಲೆ ಉಂಡವನು. ಈಗ ಅವನದೇ ಸಿನಿಮಾ. ಹೆದ್ದಾರಿ ಬದಿಯಲ್ಲಿ ಲಾರಿಗಳಿಗೆ ಪಂಚರ್ ಹಾಕುವ ಮುದುಕನೊಬ್ಬನ ಕತೆ. ಆ ಪಂಚರ್ ಅಜ್ಜನ ಪಾತ್ರವನ್ನು ನಿಮ್ಮನ್ನೇ ನೆನೆದು ಬರೆದಿದ್ದೇನೆ, ಸೆಟ್ಟು ನಿಮ್ಮದೇ, ಬಟ್ಟೆ ನಿಮ್ಮದೇ, ಪಾತ್ರವೂ ನಿಮ್ಮದೇ ಎಂದು ಕಾಲು ಹಿಡಿದುಕೊಂಡನಂತೆ.

ಅದನ್ನು ಹೇಳಲು ಅವರು ಕುದೇರಿನಿಂದ ಬಸ್ಸು ಹತ್ತಿ ಬಂದರು. ಬಂದವರು ಮೊದಲು ಸ್ಟೂಲಿನ ಮೇಲೆ ಕೂತು ಕೆಮ್ಮಿದರು.

“ಇದೊಂದು ಮಾಡ್ಬುಟ್ರೆ ಸಾಕು ಕಣಮ್ಮಿ. ಆಮ್ಯಾಕೆ ಏನಾರ ಆಗ್ಲಿ. ನನ್ ಮೊಕ ಒಂದ್ಸಲ ನೆಟ್ಟಗೆ ಕಾಣ್ಬೇಕು.”

“ಕಾಣ್ತದೆ ಬುಡಿ, ಅದಕ್ಯಾಕೆ ಇಷ್ಟು ಸಣ್ಣ ದನಿಲಿ ಹೇಳ್ತೀರಿ” ಅಂದೆ.

“ಗಟ್ಯಾಗೇಳುದ್ರೆ ತಪ್ಪೋದ್ರೆ?” ಅಂದರು.

ಮೊದಲ ಸಲ ಅವರು ಬೇರೆಯವರ ಹಳೆಯ ಬಟ್ಟೆ ತರಲಿಲ್ಲ. ಇನ್ನೊಬ್ಬರ ಬೆವರು ಈ ಪಾತ್ರಕ್ಕೆ ಸಾಲದು ಎಂದರು. ಕಡುನೀಲಿ ಬಟ್ಟೆ ತಂದು ನನ್ನ ಕೈಲಿ ಒಂದು ಶರ್ಟು ಹೊಲಿಸಿದರು. ಸಿನಿಮಾದವರು ಒಂದೇ ಥರದ್ದು ಮೂರು ಹೊಲಿಸುವುದು ವಾಡಿಕೆ, ಒಂದು ಹಾಳಾದರೆ ಇನ್ನೊಂದಿರಲಿ ಎಂದು. “ಪಂಚರ್ ಆಕೋನ್ ತವು ಮೂರು ಎಲ್ಲವೆ? ಒಂದೇ ಇರೋದು” ಎಂದು ಒಂದಕ್ಕೇ ನಿಲ್ಲಿಸಿದರು. ಅವರು ಮಾಡಿದ ತಪ್ಪು ಅದು. ನಾನು ಮಾಡಿದ ತಪ್ಪು ಬೇರೆ. ನಮ್ಮ ಕಡೆ ಗಂಡಸರ ಶರ್ಟು ಹೊಲಿಯುವಾಗ ಪಕ್ಕದ ಹೊಲಿಗೆಯೊಳಗೆ ಒಂದೊಂದು ಇಂಚು ಬಟ್ಟೆ ಹೆಚ್ಚಿಗೆ ಮಡಚಿ ಬಿಡುತ್ತೇವೆ. ಮುಂದೆ ಮೈ ಬಂದರೆ ಬಿಡಿಸಿಕೊಳ್ಳಲಿ ಅಂತ. ರೋಗ ಕಂಡಿದ್ದ ಮನುಷ್ಯನಿಗೆ ಮೈ ಬರಲಿ ಎಂಬ ಆಸೆಯಿಂದ ನಾನು ಆ ಒಂದಿಂಚು ಬಿಟ್ಟೆ.

ಆ ಶರ್ಟು ಹಾಕಿಕೊಂಡು ಅವರು ಬೇಗೂರಿನ ಹತ್ತಿರ ಹೆದ್ದಾರಿಯ ಒಂದು ಪಂಚರ್ ಅಂಗಡಿಯಲ್ಲಿ ಹೋಗಿ ಕೂತರು. ಒಂದು ದಿನ ಎರಡು ದಿನವಲ್ಲ, ಮೂರು ತಿಂಗಳು. ಟೈರು ಬಿಚ್ಚುವುದು, ಟ್ಯೂಬು ನೀರಿಗೆ ಅದ್ದಿ ಗುಳ್ಳೆ ನೋಡುವುದು, ಸಲ್ಯೂಷನ್ ಬಳಿದು ಪಟ್ಟಿ ಒತ್ತುವುದು ಎಲ್ಲ ಕಲಿತರು. ಕೇರಳದ ಲಾರಿಯವರು ಇವರನ್ನು ನಿಜವಾದ ಪಂಚರ್ ಅಜ್ಜನೆಂದೇ ತಿಳಿದು ಬೇಗ ಬೇಗ ಎಂದು ಮಲಯಾಳದಲ್ಲಿ ಗದರುತ್ತಿದ್ದರಂತೆ. ಬೈಸಿಕೊಂಡ ದಿನ ಅವರಿಗೆ ಬಲು ಖುಷಿ. ಅಂಗಡಿಗೆ ಬಂದು ಒಂದೊಂದು ಬೈಗುಳವನ್ನೂ ಅಭಿನಯಿಸಿ ತೋರಿಸುವರು. ಶರ್ಟು ಬಿಸಿಲಿಗೆ ಬಣ್ಣ ಬಿಟ್ಟು ಬೆನ್ನ ಮೇಲೆ ಬೂದಿ ನೀಲಿಯಾಯಿತು, ಕಂಕುಳಲ್ಲಿ ಉಪ್ಪಿನ ಗೆರೆ ಬಂತು. ಗುಂಡ್ಲುಪೇಟೆಯ ಹೊರಗೆ ಹೊಲವೊಂದರಲ್ಲಿ ಅಜ್ಜನ ಮನೆಯ ಸೆಟ್ಟು ಕಟ್ಟುವ ಕೆಲಸವೂ ಅವರದೇ. ಬಾಗಿಲಿನ ಎತ್ತರ, ಮಂಚದ ಉದ್ದ, ಬೀಡಿ ಕಟ್ಟು ಇಡುವ ಗೂಡು ಎಲ್ಲವನ್ನೂ ತಮ್ಮ ಮೈಗೆ ಅಳೆದೇ ಕಟ್ಟಿದರು. ಕತ್ತಲಲ್ಲೂ ಕೈ ಹಾಕಿದರೆ ಬೀಡಿ ಸಿಗಬೇಕು, ಅದು ಅವರ ಲೆಕ್ಕ.

ಶೂಟಿಂಗಿಗೆ ಇನ್ನು ಹತ್ತು ದಿನ ಇರಬಹುದು. ಮಧ್ಯಾಹ್ನ ಅವರು ಅದೇ ಶರ್ಟಿನಲ್ಲಿ ನನ್ನ ಅಂಗಡಿಯ ಸ್ಟೂಲಿನ ಮೇಲೆ ಕೂತು ಟೀ ಕುಡಿಯುತ್ತಿದ್ದರು. ನನ್ನ ಮೊಬೈಲಿಗೆ ಆ ಸಿನಿಮಾದ ಮ್ಯಾನೇಜರನಿಂದ ಒಂದು ಮೆಸೇಜು ಬಂತು. ಹೊಲಿಗೆಯ ಅಳತೆ ಯಾವಾಗಲೂ ನನಗೇ ಕಳಿಸುತ್ತಿದ್ದರು. ನಾನು ಗಟ್ಟಿಯಾಗಿ ಓದಿದೆ: “ಪಂಚರ್ ಅಜ್ಜ. ಎದೆ ನಲವತ್ತು. ತೋಳು ಇಪ್ಪತ್ತೈದು. ಎತ್ತರ ಆರಡಿ.” ಓದಿ ನಕ್ಕುಬಿಟ್ಟೆ. “ನೋಡಿ ನಿಮ್ ಮ್ಯಾನೇಜರ್ನ! ನಿಮ್ಮನ್ನ ಯಾವ ಕಣ್ಣಲ್ಲಿ ಅಳೆದವ್ನೆ?”

ಅವರು ಮೊಬೈಲು ಇಸಿದುಕೊಂಡರು. ದೂರ ಹಿಡಿದು ನೋಡಿದರು, ಹತ್ತಿರ ಹಿಡಿದು ನೋಡಿದರು. ಆಮೇಲೆ ನನಗೇ ವಾಪಸು ಕೊಟ್ಟರು.

“ಅಳ್ತೆ ಸರ್ಯಾಗೇ ಅದೆ ಕಣಮ್ಮಿ. ಆಳು ಬ್ಯಾರೆ.”

ನನಗೆ ಒಂದು ಕ್ಷಣ ಅರ್ಥವಾಗಲಿಲ್ಲ. ಅರ್ಥವಾದಾಗ ನನ್ನ ನಾಲಗೆಯನ್ನು ಕತ್ತರಿಸಿಕೊಳ್ಳೋಣ ಅನ್ನಿಸಿತು. ಮೂವತ್ತು ವರ್ಷ ಕಾದ ಪಾತ್ರ ಕೈತಪ್ಪಿದ ಸುದ್ದಿಯನ್ನು ನಗುತ್ತಾ ಓದಿ ಹೇಳಿದವಳು ನಾನೇ.

ಸಂಜೆ ನಿರ್ದೇಶಕನ ಫೋನು ಬಂತು. ಬಂಡವಾಳ ಹಾಕುವವರು ಗೊತ್ತಿರುವ ಮುಖ ಬೇಕೆಂದು ಹಟ ಹಿಡಿದರು, ಇಲ್ಲದಿದ್ದರೆ ಸಿನಿಮಾ ನಿಂತೇಹೋಗುತ್ತಿತ್ತು ಎಂದು ಅತ್ತನಂತೆ. ಹೆಸರಾಂತ ನಟರೊಬ್ಬರು ಒಪ್ಪಿದ್ದರು. ಸೆಟ್ಟು, ಬಟ್ಟೆ ಮಾತ್ರ ಮಾಸ್ಟರೇ ನೋಡಿಕೊಳ್ಳಬೇಕು, ಫೋಟೋದಲ್ಲಿ ಶರ್ಟು ನೋಡಿ ಆ ನಟರು ಮರುಳಾಗಿದ್ದಾರೆ, ಅದೇ ಬೇಕಂತೆ, ಹೊಸದು ಬೇಡವಂತೆ. ಇವರು ಎಲ್ಲದಕ್ಕೂ ಹೂಂ ಅಂದಿದ್ದರು.

ಮಾರನೆಯ ದಿನ ಶರ್ಟನ್ನು ಮಡಚಿ ತಂದು ನನ್ನ ಮಿಷಿನ್ನಿನ ಮೇಲೆ ಇಟ್ಟರು. ನಾನು ಅದನ್ನು ಅವರ ಕಡೆಗೇ ತಳ್ಳಿದೆ.

“ಸುಟ್ಟೋಯ್ತು ಅಂತ ಹೇಳಿ. ಇಲಿ ಕಚ್ತು ಅಂತ ಹೇಳಿ. ನಾನು ಹೊಲಿಯಲ್ಲ.”

“ಶರ್ಟೇನಮ್ಮಿ ತೆಪ್ಪು ಮಾಡ್ತು?”

“ನಿಮಗೆ ನಾಚಿಕೆ ಆಗಲ್ವಾ? ಅವರ ಮುಖಕ್ಕೆ ಎಸೆದು ಬರಬಾರದಾ?”

“ಎಸುದ್ಬುಟ್ಟು? ಆಮ್ಯಾಕೆ? ಅವ್ರು ಟೀ ನೀರಲ್ಲಿ ಅದ್ದಿದ್ದು ಒಂದು ಆಕ್ಕಂಡು ಕುಂತ್ಕತಾರೆ. ನನ್ ಗೋಡೆ ಮುಂದೆ ಅದನ್ನ ನೋಡಕ್ಕಾಯ್ತದಾ?”

ಒಳಗೆ ಬಟ್ಟೆ ಬಿಟ್ಟಿಲ್ಲ, ಬಿಡಿಸಲು ಬರುವುದಿಲ್ಲ ಎಂದು ಸುಳ್ಳು ಹೇಳಿದೆ. ಅವರು ಶರ್ಟನ್ನು ಒಳಮೈ ಮಾಡಿ ಹೊಲಿಗೆಯ ಮೇಲೆ ಬೆರಳಾಡಿಸಿ ನನ್ನ ಮುಖ ನೋಡಿದರು. ತೋಳು ಹೇಗೂ ಮಡಚಿಯೇ ಹಾಕುವುದು. ನಾನು ಬ್ಲೇಡು ತೆಗೆದುಕೊಂಡು ಪಕ್ಕದ ಹೊಲಿಗೆ ಬಿಚ್ಚಿದೆ. ಆ ಒಂದಿಂಚು ಬಿಡದೇ ಇದ್ದಿದ್ದರೆ ಎಂದು ಇವತ್ತಿಗೂ ನನ್ನನ್ನು ನಾನು ಬೈದುಕೊಳ್ಳುತ್ತೇನೆ.

ಬಿಡಿಸಿದ ಮೇಲೆ ಇನ್ನೊಂದು ತಾಪತ್ರಯ ಎದುರಾಯಿತು. ಮೂರು ತಿಂಗಳು ಒಳಗೆ ಅಡಗಿದ್ದ ಆ ಪಟ್ಟಿ ಬಿಸಿಲು ಕಂಡಿರಲಿಲ್ಲ. ಎರಡು ಪಕ್ಕದಲ್ಲೂ ಕಂಕುಳಿನಿಂದ ಕೆಳಗೆ ಕಡುನೀಲಿ ಪಟ್ಟೆ ಎದ್ದು ಕಾಣುತ್ತಿತ್ತು. ಉಪ್ಪು ಕಾಗದ ಉಜ್ಜಿದರು, ಸೋಡಾ ಹಾಕಿದರು, ಒಪ್ಪಿಗೆಯಾಗಲಿಲ್ಲ. “ಇದಕ್ಕೆ ಬೆವ್ರೇ ಬೇಕು” ಎಂದು ಆ ದೊಗಲೆ ಶರ್ಟನ್ನು ಮೈಗೆ ಹಾಕಿಕೊಂಡು ಮತ್ತೆ ಬೇಗೂರಿನ ಬಸ್ಸು ಹತ್ತಿದರು.

ನನಗೆ ತಡೆಯಲಾಗಲಿಲ್ಲ. ಮೂರನೆಯ ದಿನ ಅಂಗಡಿ ಮುಚ್ಚಿ, ಗುಂಡ್ಲುಪೇಟೆಯಲ್ಲಿ ಬಸ್ಸು ಬದಲಿಸಿ ಬೇಗೂರಿಗೆ ಹೋದೆ. ಸುಡು ಬಿಸಿಲು. ಅವರು ಎರಡು ಕೈಯನ್ನೂ ತಲೆಯ ಮೇಲೆ ಹೊತ್ತುಕೊಂಡು, ಪಕ್ಕದ ಪಟ್ಟೆಗೆ ಬಿಸಿಲು ಬೀಳುವ ಹಾಗೆ ಹೆದ್ದಾರಿಗೆ ಅಡ್ಡಡ್ಡವಾಗಿ ಕೂತಿದ್ದರು. ಒಂದು ಪಕ್ಕಕ್ಕೆ ಸಾಕಾದ ಮೇಲೆ ತಿರುಗಿ ಇನ್ನೊಂದು ಪಕ್ಕ. ಕೆಮ್ಮು ಬಂದಾಗ ಮಾತ್ರ ಕೈ ಇಳಿಸುತ್ತಿದ್ದರು. ಪಂಚರ್ ಅಂಗಡಿಯವನು ನನ್ನನ್ನು ಪಕ್ಕಕ್ಕೆ ಕರೆದ. “ಏನಮ್ಮ ಇದು? ಪಾಲ್ಟೇ ಇಲ್ಲ ಅಂದ್ಮ್ಯಾಕೆ ಈವಯ್ಯ ಇಲ್ಯಾಕೆ ಕುಂತವ್ನೆ? ನೀನಾರ ಏಳಮ್ಮ, ನಮ್ ಅಂಗ್ಡಿ ಮುಂದೆ ಜೀವ ಬುಟ್ಟುಗುಟ್ಟಾನು.” ನಾನು ಹೇಳಲಿಲ್ಲ. ತಂದಿದ್ದ ಮಜ್ಜಿಗೆ ಕೊಟ್ಟೆ, ಕುಡಿದರು. “ಪಟ್ಟೆ ಒಂದಾಯ್ತಾ ಅದಾ ನೋಡಮ್ಮಿ” ಎಂದು ಪಕ್ಕ ತೋರಿಸಿದರು. ಒಂದಾಗುತ್ತಿತ್ತು. ವಾಪಸು ಬರುವಾಗ ಬಸ್ಸಿನಲ್ಲಿ ಕಿಟಕಿಗೆ ಮುಖ ಮಾಡಿ ಅತ್ತೆ.

ಶೂಟಿಂಗು ಶುರುವಾಯಿತು. ಬಟ್ಟೆ ನೋಡಿಕೊಳ್ಳಲು ಜೊತೆಗೆ ಬಾ ಎಂದು ನನ್ನನ್ನೂ ಕರೆದೊಯ್ದರು. ಮೊದಲ ದಿನ ಆ ನಟರು ಶರ್ಟು ಹಾಕಿಕೊಂಡು ಮನೆಯೊಳಗೆ ಹೊಕ್ಕವರೇ ಬಾಗಿಲಿಗೆ ಹಣೆ ಹೊಡೆದುಕೊಂಡರು. ಹಣೆ ಊದಿತು, ಅರ್ಧ ದಿನದ ಕೆಲಸ ನಿಂತಿತು. “ಯಾವನ್ರೀ ಈ ಬಾಗಿಲು ಮಾಡಿದ್ದು, ಕುಳ್ಳನಿಗೆ ಮಾಡಿದಂಗೆ!” ಎಂದು ಮ್ಯಾನೇಜರ್ ಕೂಗಾಡಿದ. ಇವರು ಸುತ್ತಿಗೆ ಉಳಿ ತಂದು, ತಾವೇ ಇಟ್ಟ ಬಾಗಿಲುವಾಡ ಕಿತ್ತು ಅರ್ಧ ಮೊಳ ಮೇಲಕ್ಕೆ ಏರಿಸಿದರು. ಆಮೇಲೆ ಮಂಚ ಉದ್ದ ಮಾಡಿದರು. ಬೀಡಿಯ ಗೂಡನ್ನು ಮುಚ್ಚಿ, ಮೇಲೆ ಇನ್ನೊಂದು ಕೊರೆದರು. ಹೊಸ ಮಣ್ಣು ಕಾಣಬಾರದೆಂದು ಹೊಗೆ ಹಾಕಿದರು, ಆ ಹೊಗೆಗೆ ಕೆಮ್ಮಿ ಕೆಮ್ಮಿ ಹೊಲದ ಬದುವಿನ ಮೇಲೆ ಕೂತುಬಿಟ್ಟರು. ಸತ್ಯ ಹೇಳಬೇಕೆಂದರೆ ಆ ನಟರು ಕೆಟ್ಟವರಲ್ಲ. ಇವರಿಗೆ ಕೈಮುಗಿದು, “ಈ ಶರ್ಟು ಹಾಕ್ಕೊಂಡ್ರೆ ನಟಿಸೋದೇ ಬೇಡ ಸಾರ್” ಎಂದರು. ಪಾತ್ರ ಯಾರದಾಗಿತ್ತು ಎಂದು ಅವರಿಗೆ ಯಾರೂ ಹೇಳಿರಲೇ ಇಲ್ಲ. ಇವರೂ ಹೇಳಲಿಲ್ಲ.

ಕತೆಯ ಕೊನೆಯಲ್ಲಿ ಪಂಚರ್ ಅಜ್ಜ ಸಾಯುತ್ತಾನೆ. ಕೂತಲ್ಲೇ ಜೀವ ಬಿಟ್ಟವನನ್ನು ಲಾರಿಯವರು ಹಾಕಿದ್ದ ಬಟ್ಟೆಯಲ್ಲೇ ಚಟ್ಟ ಕಟ್ಟಿ ಹೊತ್ತೊಯ್ಯುವ ದೃಶ್ಯ. ಬೆಳಗ್ಗೆ ಹತ್ತು ಗಂಟೆಗೆ ಎಲ್ಲ ಸಿದ್ಧವಾಗಿತ್ತು, ನಟರು ಮಾತ್ರ ಅವರ ವ್ಯಾನಿನಿಂದ ಇಳಿಯಲಿಲ್ಲ. ಚಟ್ಟದ ಮೇಲೆ ಮಲಗುವುದಿಲ್ಲ ಎಂದು ತಾಯಿಗೆ ಮಾತು ಕೊಟ್ಟಿದ್ದಾರಂತೆ. ಮುಖಕ್ಕೆ ಹೂ ಮುಚ್ಚಿರುತ್ತದೆ, ದೂರದ ಶಾಟು, ಡೂಪು ಹಾಕಿ ಎಂದರು. ಮ್ಯಾನೇಜರ್ ಸುತ್ತಲೂ ನೋಡಿದ. ಲಾರಿಯವರಾಗಿ ಬಂದಿದ್ದ ಜನರಲ್ಲಿ ಒಬ್ಬರೂ ಒಪ್ಪಲಿಲ್ಲ.

“ಮಾಸ್ಟರ್, ನೀವೇ ಒಂಚೂರು ಮಲಕ್ಕೊಳ್ಳಿ” ಅಂದ.

ನಿರ್ದೇಶಕ ನೆಲ ನೋಡಿದ. ನಾನು ಬಾಯಿ ತೆರೆಯುವುದರೊಳಗೆ ಇವರು ಹೂಂ ಅಂದಾಗಿತ್ತು. ಮೂವತ್ತು ವರ್ಷದ ಅಭ್ಯಾಸ ಅದು.

ಶರ್ಟು ಈಗ ಅವರಿಗೆ ದೊಗಲೆ. ನಾನೇ ಬಿಡಿಸಿದ್ದನ್ನು ನಾನೇ ಬೆನ್ನ ಹಿಂದೆ ಹಿಡಿದು ಪಿನ್ನು ಹಾಕಿದೆ. ಒಂದು ಪಿನ್ನು ಮೈಗೆ ಚುಚ್ಚಿತು. “ಎದುರ್ಕಬ್ಯಾಡ ಬುಡಮ್ಮಿ, ಎಣಕ್ಕೆ ನೋಯಲ್ಲ” ಎಂದರು. ಅವರು ತಮಾಷೆಗೆ ಅಂದರು, ನಾನು ಬಿಡ್ತು ಅನ್ನಿ ಎಂದು ಗದರಿದೆ.

ಮಲಗಿದರು. ಚೆಂಡುಹೂವಿನಲ್ಲಿ ಮುಖ ಮುಚ್ಚಿದರು. ನಾಲ್ಕು ಜನ ಹೊತ್ತು ಹೊಲದ ಬದುವಿನಲ್ಲಿ ಹೆಜ್ಜೆ ಹಾಕಿದರು. ತಿರುವಿನಲ್ಲಿ ಚಟ್ಟ ಸ್ವಲ್ಪ ವಾಲಿತು, ಆಗ ಅವರ ಬಲಗೈ ಹೂವಿನಿಂದ ಜಾರಿ ಹೊರಗೆ ಬಿತ್ತು. ಬಿದ್ದು, ಹೊತ್ತವರ ಹೆಜ್ಜೆಗೆ ತಕ್ಕಂತೆ ಮೆಲ್ಲಗೆ ತೂಗಿತು. ಯಾರೂ ಹೇಳಿಕೊಟ್ಟದ್ದಲ್ಲ. ಜೀವವಿರುವ ಕೈ ಹಾಗೆ ಬೀಳುವುದಿಲ್ಲ. ನೋಡುತ್ತ ನಿಂತಿದ್ದ ನನಗೆ ನಿಜವಾಗಿಯೂ ಹೋದರೇನೋ ಅನ್ನಿಸಿತು. ನಿರ್ದೇಶಕ ಕಟ್ ಎನ್ನುವುದನ್ನೇ ಮರೆತು ಕಣ್ಣೊರೆಸಿಕೊಳ್ಳುತ್ತಿದ್ದ. ಆಮೇಲೆ ಎಲ್ಲರೂ ಚಪ್ಪಾಳೆ ತಟ್ಟಿದರು.

ಸಿನಿಮಾದವರಲ್ಲಿ ಒಂದು ಪದ್ಧತಿಯಿದೆ. ಹೆಣವಾಗಿ ಮಲಗಿದವರು ಏಳುವ ಮುಂಚೆ ಕ್ಯಾಮೆರಾ ನೋಡಿ ಒಂದು ಸಲ ನಗಬೇಕು, ಆ ನಗುವನ್ನು ಚಿತ್ರೀಕರಿಸಬೇಕು. ಸಾವಿನ ಅನಿಷ್ಟ ಅಲ್ಲಿಗೆ ಕಳೆಯಿತು ಎಂದು ಲೆಕ್ಕ. ಚಟ್ಟ ಇಳಿಸಿದರು, ಹೂ ಸರಿಸಿದರು, ಕ್ಯಾಮೆರಾವನ್ನು ಅವರ ಮುಖದ ಮುಂದೆ ತಂದು ಇಟ್ಟರು. ಅಷ್ಟು ಹತ್ತಿರಕ್ಕೆ ಅವರ ಮುಖಕ್ಕೆ ಯಾರೂ ಕ್ಯಾಮೆರಾ ಹಿಡಿದದ್ದು ನಾನು ಕಂಡಿರಲಿಲ್ಲ.

“ನಗಿ ಮಾಸ್ಟರ್.”

ಅವರು ಎದ್ದು ಕೂತರು. ನಗಲಿಲ್ಲ.

“ಮಾಸ್ಟರ್, ನಗಬೇಕು, ಒಂದೇ ಒಂದ್ಸಲ. ಒಳ್ಳೇದಲ್ಲ, ನಕ್ಕುಬಿಡಿ.” ಮ್ಯಾನೇಜರ್ ದನಿ ಬದಲಾಗಿತ್ತು. ಸುತ್ತ ನಿಂತವರೆಲ್ಲ ನಗಿ ನಗಿ ಎಂದು ಶುರು ಮಾಡಿದರು. ನಾನೂ ಅಂದೆ. ಅವರಿಗೆ ಕೆಡುಕಾಗಬಾರದು ಎಂಬ ಭಯದಲ್ಲಿ ನಾನೂ ಕೂಗಿದೆ.

ಅವರು ಕ್ಯಾಮೆರಾವನ್ನು ನೆಟ್ಟಗೆ ನೋಡಿದರು.

“ನಗ್ಬೇಕಾದ್ದು ಪಾಲ್ಟು ಮಾಡ್ದೋನು. ಪಾಲ್ಟು ನಂದಲ್ಲ. ನಾನು ಬಟ್ಟೆಯೋನು. ಸತ್ತಿರೋನು ಅವ್ರು, ಅವ್ರುನ್ನೇ ಕರ್ದು ನಗ್ಸಿ.”

ದನಿಯಲ್ಲಿ ಸಿಟ್ಟಿರಲಿಲ್ಲ. ಇಷ್ಟು ವರ್ಷದಲ್ಲಿ ಅವರು ಒಂದು ಕೆಲಸಕ್ಕೆ ಆಗುವುದಿಲ್ಲ ಅಂದದ್ದು ಅದೊಂದೇ ಸಲ. ಯಾರೋ ಹೋಗಿ ವ್ಯಾನಿನಲ್ಲಿದ್ದ ನಟರಿಗೆ ಹೇಳಿರಬೇಕು. ಅವರು ಬರಿಗಾಲಲ್ಲಿ ಓಡಿ ಬಂದರು. ಕ್ಯಾಮೆರಾ ಮುಂದೆ ನಿಂತು ಒಂದಲ್ಲ, ಮೂರು ಸಲ ನಕ್ಕರು. ಅಷ್ಟರಲ್ಲಿ ಇವರು ಮನೆಯ ಹಿಂದೆ ಹೋಗಿ ಶರ್ಟು ಬಿಚ್ಚಿ, ಬೆನ್ನಿನ ಪಿನ್ನುಗಳನ್ನು ಒಂದೊಂದಾಗಿ ತೆಗೆದು ನನ್ನ ಕೈಗೆ ಕೊಡುತ್ತಿದ್ದರು.

“ಒಗಿಬ್ಯಾಡ ಕಣಮ್ಮಿ, ನಾಳಿಕ್ಕೂ ಬೇಕು” ಎಂದರು.

ಆಮೇಲೆ ಅವರು ಬೇರೆ ಸಿನಿಮಾ ಒಪ್ಪಿಕೊಳ್ಳಲಿಲ್ಲ, ಒಪ್ಪಿಕೊಳ್ಳುವ ಶಕ್ತಿಯೂ ಇರಲಿಲ್ಲ. ಆಕ್ಸಿಜನ್ ಮಿಷಿನ್ನು ಪಕ್ಕದಲ್ಲಿಟ್ಟುಕೊಂಡು ಕುದೇರಿನ ಮನೆಯಲ್ಲೇ ಉಳಿದರು. ನಾನು ವಾರಕ್ಕೊಮ್ಮೆ ಹೋಗಿ ಬರುತ್ತಿದ್ದೆ. ಸಿನಿಮಾದ ಸುದ್ದಿ ಅವರು ಎತ್ತಲಿಲ್ಲ, ನಾನೂ ಎತ್ತಲಿಲ್ಲ. ಒಂದೇ ಸಲ, ಮಾತಿನ ಮಧ್ಯೆ, “ಆ ಕೈ ಇಟ್ಕಂಡವ್ರಾ, ಕತ್ರಿಸ್ಬುಟ್ರಾ?” ಎಂದು ಕೇಳಿದರು. ಗೊತ್ತಿಲ್ಲ ಅಂದೆ. ಗೊತ್ತಿರಲಿಲ್ಲ. ವಿಚಾರಿಸಿ ಹೇಳುತ್ತೇನೆ ಅಂದೆ, ನಿರ್ದೇಶಕನ ಜೊತೆ ಮಾತಾಡಲು ಮನಸ್ಸಾಗದೆ ವಿಚಾರಿಸಲಿಲ್ಲ. ಅದರೊಳಗೆ ಅವರು ತೀರಿಕೊಂಡರು. ಸಿನಿಮಾ ತೆರೆಗೆ ಬಂದದ್ದು ಆಮೇಲೆ.

ಚಾಮರಾಜನಗರದ ಟಾಕೀಸಿಗೆ ಬಂದಾಗ ಒಬ್ಬಳೇ ಹೋದೆ, ಮ್ಯಾಟಿನಿ ಆಟಕ್ಕೆ. ಮೊದಲಿಗೆ ಅವರ ಹೆಸರು, ಫೋಟೋ, ಅರ್ಪಣೆ ಅಂತೆಲ್ಲ ಹಾಕಿದ್ದರು. ಆಗ ಜನ ಇನ್ನೂ ಸೀಟು ಹುಡುಕುತ್ತಿದ್ದರು. ನನ್ನ ಪಕ್ಕಕ್ಕೆ ಹಳ್ಳಿಯ ಕಡೆಯ ಒಬ್ಬ ವಯಸ್ಸಾದ ಹೆಂಗಸು ಬಂದು ಕೂತಳು. ನಾನು ಕತೆ ನೋಡಲಿಲ್ಲ, ಶರ್ಟು ನೋಡುತ್ತಿದ್ದೆ. ಪಕ್ಕದ ಪಟ್ಟೆ ಎಲ್ಲೂ ಕಾಣಲಿಲ್ಲ.

ಕೊನೆಗೆ ಚಟ್ಟ ಬಂತು. ಬದುವಿನ ತಿರುವು ಬಂತು. ಕೈ ಜಾರಿ ಬಿತ್ತು. ಕತ್ತರಿಸಿರಲಿಲ್ಲ, ಪೂರ್ತಿ ಇಟ್ಟಿದ್ದರು. ಪಕ್ಕದ ಹೆಂಗಸು ಸೆರಗಿನಿಂದ ಬಾಯಿ ಮುಚ್ಚಿಕೊಂಡು ಬಿಕ್ಕಿದಳು.

“ಅಯ್ಯೋ ಸಿವ್ನೇ, ಎಂಗ್ ಮಲ್ಗವ್ನೆ ನೋಡಮ್ಮಿ ಪುಣ್ಯಾತ್ಮ! ಆ ಕೈ ನೋಡು. ದೊಡ್ ಆಕ್ಟ್ರು ಅಂದ್ರೆ ದೊಡ್ ಆಕ್ಟ್ರೇ ಕಣ.”

“ಅದು ಅವ್ರಲ್ಲ ಕಣವ್ವ” ಅಂದೆ.

“ಮತ್ತಿನ್ಯಾರು?”

ನಾನು ಅವರ ಹೆಸರು ಹೇಳಿದೆ. ಕುದೇರಿನವರು ಎಂದು ಊರಿನ ಸಮೇತ, ಗಟ್ಟಿಯಾಗಿ ಹೇಳಿದೆ. ಹಿಂದಿನ ಸಾಲಿನವರು ಶ್ ಎಂದರು. ಹೆಂಗಸು ಕಣ್ಣೊರೆಸಿಕೊಂಡು ನನ್ನ ಕಡೆ ತಿರುಗಿದಳು.

“ಅವ್ರೂ ಆಕ್ಟ್ ಮಾಡವ್ರಾ ಈ ಪಿಚ್ಚರಲ್ಲಿ?”

“ಮಾಡವ್ರೆ ಕಣವ್ವ, ಅದೇ ಕೈ, ಅತ್ತ ನೋಡು, ನೋಡು” ಎಂದು ಅವಳ ಭುಜ ಹಿಡಿದು ತೆರೆಯ ಕಡೆ ತಿರುಗಿಸಿದೆ. ಅಷ್ಟರಲ್ಲಿ ದೃಶ್ಯ ಬದಲಾಗಿತ್ತು.